ಬಾಗುಮುಳ್ಳು

ನನ್ನ ಹೆಂಡತಿ ಕಟ್ಟಿದ ಲೋಕಗಳಲ್ಲಿ ಉತ್ತರ ದಿಕ್ಕೇ ಇರಲಿಲ್ಲ. ನಾನು ಜಮೀನು ಅಳೆದು ಹೊಟ್ಟೆ ಹೊರೆಯುವವನು. ತುಮಕೂರು, ಗುಬ್ಬಿ, ಕುಣಿಗಲ್ ಮೂರೂ ತಾಲ್ಲೂಕುಗಳಲ್ಲಿ ಲೈಸೆನ್ಸ್ ಸರ್ವೇಯರ್ ಆಗಿ ತಿರುಗಲು ಶುರು ಮಾಡಿ ಇಪ್ಪತ್ತು ವರ್ಷದ ಹತ್ತಿರವಾಯಿತು. ಯಾವ ನಕ್ಷೆ ಕೈಗೆ ಬಂದರೂ ಮೊದಲು ಮೂಲೆಯಲ್ಲಿ ಉತ್ತರದ ಬಾಣ ಎಲ್ಲಿದೆ ಎಂದು ಹುಡುಕುತ್ತೇನೆ. ಅಂಥವನ ಮನೆಯಲ್ಲೇ ಕೂತು, ಅಂಥವನಿಗೇ ಅನ್ನ ಬಡಿಸುತ್ತಾ, ಅವಳು ಉತ್ತರವಿಲ್ಲದ ಲೋಕ ಕಟ್ಟಿಕೊಂಡಿದ್ದಳು. ಅದೂ ಒಂದಲ್ಲ, ಲೆಕ್ಕವಿಲ್ಲದಷ್ಟು.

ಅವಳು ಅಮೃತೂರಿನ ಹತ್ತಿರದ ಒಂದು ಪ್ರೈಮರಿ ಸ್ಕೂಲಿನಲ್ಲಿ ಟೀಚರು. ಆಗ ನಾವು ಕುಣಿಗಲ್‌ನಲ್ಲಿ ಬಾಡಿಗೆ ಮನೆಯಲ್ಲಿದ್ದೆವು. ಬೆಳಿಗ್ಗೆ ಪ್ರೈವೇಟ್ ಬಸ್ಸು ಹಿಡಿದು ಹೋಗಬೇಕು, ಅದು ಒಂದು ದಿನ ಬಂದರೆ ಒಂದು ದಿನ ಇಲ್ಲ. ಹೀಗೇ ಒಂದು ಶನಿವಾರ ಬಸ್ಸು ಕೈಕೊಟ್ಟಿತಂತೆ. ಸ್ಟ್ಯಾಂಡಿನಲ್ಲಿ ನಿಂತು ನಿಂತು ಸಾಕಾಗಿ, ನಾನು ಸ್ಕೂಲಿಗೆ ಹೋಗುವ ಬದಲು ಸ್ಕೂಲೇ ಇಲ್ಲಿಗೆ ಬರಬಾರದೇ ಎಂದುಕೊಂಡಳಂತೆ. ತಡವಾಗಿ ಹೋದವಳು ಕೊನೇ ಪೀರಿಯಡ್‌ನಲ್ಲಿ ಮಕ್ಕಳಿಗೆ ಅದನ್ನೇ ಕತೆ ಮಾಡಿ ಹೇಳಿದಳು. ಆಮೇಲೆ ಯಾವ ಶನಿವಾರವೂ ಮಕ್ಕಳು ಅವಳನ್ನು ಬಿಡಲಿಲ್ಲ.

ಕತೆಯಲ್ಲಿ ಒಂದು ಹಿತ್ತಾಳೆ ಡಬ್ಬಿ. ಎಲೆಅಡಿಕೆ ಚೀಲದ ಸುಣ್ಣದ ಡಬ್ಬಿಗಿಂತ ದೊಡ್ಡದಲ್ಲ. ಮುಚ್ಚಳ ತೆಗೆದರೆ ಒಳಗೆ ಒಂದು ಹನಿ ನೀರು, ನೀರಿನ ಮೇಲೆ ತೇಲುವ ಒಂದು ಜಾಲಿಮುಳ್ಳು. ಅದರ ಹೆಸರು ಬಾಗುಮುಳ್ಳು. ಬೇರೆ ದಿಕ್ಸೂಚಿಗಳ ಮುಳ್ಳುಗಳು ದಿಕ್ಕು ತೋರಿಸುತ್ತವೆ, ನಡೆದು ಹೋಗುವ ಪಾಡು ನಮ್ಮದು. ಬಾಗುಮುಳ್ಳು ಹಿಡಿದವನು ಎಲ್ಲಿಗೂ ಹೋಗಬೇಕಿಲ್ಲ. ಮನಸ್ಸಿನಲ್ಲಿ ನೆನೆದುಕೊಂಡ ಊರು, ಅದು ಯಾವ ಲೋಕದಲ್ಲೇ ಇರಲಿ, ನೆಲವನ್ನು ಬಾಗಿಸಿಕೊಂಡು ಅವನ ಕಾಲ ಬುಡಕ್ಕೆ ಬಂದು ನಿಲ್ಲುತ್ತದೆ. ಆದರೆ ಒಂದು ಊರು ಹೀಗೆ ಬಂದರೆ ಇನ್ನೊಂದು ಊರು ತನ್ನ ಜಾಗ ಬಿಟ್ಟು ಎತ್ತಲೋ ಜಾರಿಹೋಗುತ್ತದೆ. ಹೊಲಕ್ಕೆ ಹೋದವರು ಸಂಜೆ ವಾಪಸು ಬಂದರೆ ಊರೇ ಇರುವುದಿಲ್ಲ. ಆದ್ದರಿಂದ ಎಲ್ಲ ಲೋಕಗಳ ಅಂಬಿಗರೂ ಆ ಡಬ್ಬಿಗೆ ಆಸೆಪಡುತ್ತಿದ್ದರು, ಅಷ್ಟೇ ಹೆದರುತ್ತಿದ್ದರು.

ಕತೆಯ ನಾಯಕಿ ಹರಿಗೋಲು ನಡೆಸುವ ಒಬ್ಬ ಹೆಂಗಸು. ಯಾರೋ ಬಾಗುಮುಳ್ಳು ತಿರುಗಿಸಿದ್ದರಿಂದ ಅವಳ ಊರು ಜಾರಿಹೋಗಿದೆ. ಅವಳು ಲೋಕದಿಂದ ಲೋಕಕ್ಕೆ ಹರಿಗೋಲು ಹಾಕಿಕೊಂಡು ತನ್ನ ಊರನ್ನು ಹುಡುಕುತ್ತಾಳೆ. ಇಷ್ಟೇ ಕತೆ. ಇದನ್ನೇ ನನ್ನ ಹೆಂಡತಿ ಆರು ವರ್ಷ ಎಳೆದಳು. ಐದನೇ ಕ್ಲಾಸು ಮುಗಿಸಿ ಹೋದ ಮಕ್ಕಳು ಹೈಸ್ಕೂಲಿನಿಂದ ಬಂದು ಕಿಟಕಿ ಹತ್ತಿರ ನಿಂತು ಕೇಳುತ್ತಿದ್ದರಂತೆ. ನಮಗೆ ಮಕ್ಕಳಿರಲಿಲ್ಲ. ಅದರ ಬಗ್ಗೆ ಮೊದಮೊದಲು ಅತ್ತದ್ದು ಬಿಟ್ಟರೆ ಆಮೇಲೆ ಅವಳು ಅಳಲಿಲ್ಲ, ಯಾಕೆಂದರೆ ಅವಳಿಗೆ ಶನಿವಾರಗಳಿದ್ದವು.

ನಾನು ಸುಮ್ಮನಿರಬೇಕಿತ್ತು. ಸುಮ್ಮನಿರುವುದು ನನ್ನ ಜಾತಕದಲ್ಲೇ ಬರೆದಿಲ್ಲ. ಒಂದು ಬೆಳಿಗ್ಗೆ ಕಾಫಿ ಕುಡಿಯುತ್ತಾ, ಭೂಮಿ ಎಲ್ಲಾದರೂ ಬಾಗುತ್ತದೆಯೇ, ಮಕ್ಕಳಿಗೆ ಸುಳ್ಳು ಕಲಿಸುತ್ತೀಯ ಎಂದು ಶುರು ಮಾಡಿದೆ. ದಾರಿ ಗೊತ್ತಿಲ್ಲದ ನಿನ್ನ ಹರಿಗೋಲಿನವಳು ಕುಣಿಯಲಾರದವಳು ನೆಲ ಡೊಂಕು ಎಂದ ಹಾಗೆ ಮಾಡುತ್ತಾಳೆ ಎಂದು ಗೇಲಿ ಮಾಡಿದೆ. ಅವಳು ನಕ್ಕಳು. ಮುಂದಿನ ಶನಿವಾರ ಕತೆಯೊಳಗೆ ಒಂದು ಹೊಸ ಗುಂಪು ಬಂತು. ಕೈಯಲ್ಲಿ ಸರಪಳಿ ಹಿಡಿದ ಗಂಡಸರು. ಅವರು ನೆಲ ಅಳೆದು ಎಲ್ಲೆಕಲ್ಲು ನೆಟ್ಟರೆ ಮುಗಿಯಿತು, ಆ ನೆಲ ಮತ್ತೆಂದೂ ಬಾಗುವುದಿಲ್ಲ, ಕರೆದರೂ ಬರುವುದಿಲ್ಲ. ಮಕ್ಕಳು ಅವರಿಗೆ ಹೋ ಎಂದು ಕೂಗಿದರಂತೆ. ಅದನ್ನು ಮನೆಗೆ ಬಂದು ನನಗೇ ಹೇಳಿ ಅವಳು ಹೊಟ್ಟೆ ಹಿಡಿದುಕೊಂಡು ನಕ್ಕಳು. ನನಗೆ ಸ್ವಲ್ಪ ಮುನಿಸು ಬಂತು, ಆದರೆ ಅವಳ ನಗು ನೋಡಿ ನಾನೂ ನಕ್ಕೆ.

ಆಮೇಲೆ ಅವಳ ಎರಡೂ ಕಿಡ್ನಿ ಕೆಟ್ಟವು. ವಾರಕ್ಕೆ ಮೂರು ಸಲ ಡಯಾಲಿಸಿಸ್ ಎಂದಮೇಲೆ ಕುಣಿಗಲ್ ಬಿಟ್ಟು ತುಮಕೂರಿನ ಉಪ್ಪಾರಹಳ್ಳಿಗೆ ಬಂದೆವು. ಅಲ್ಲಿಂದ ಆಸ್ಪತ್ರೆ ಸ್ಕೂಟರಿನಲ್ಲಿ ಹತ್ತು ನಿಮಿಷ. ನನ್ನ ಕಿಡ್ನಿ ಹೊಂದಲಿಲ್ಲ, ಅವಳ ತಂಗಿಯದೂ ಹೊಂದಲಿಲ್ಲ. ಬೆಳಿಗ್ಗೆ ಏಳಕ್ಕೆ ಮಲಗಿಸಿ ಎಡಗೈಗೆ ಎರಡು ಸೂಜಿ ಚುಚ್ಚಿದರೆ ಹನ್ನೊಂದರವರೆಗೆ ರಕ್ತ ಮಷೀನಿನೊಳಗೆ ಹೋಗಿ ತೊಳೆದುಕೊಂಡು ವಾಪಸು ಬರುತ್ತಿತ್ತು. ಆ ನಾಲ್ಕು ಗಂಟೆ ಅವಳು ಅಲ್ಲಾಡುವ ಹಾಗಿಲ್ಲ. ಅವಳು ರಜೆಯ ಮೇಲಿದ್ದಳು, ಕತೆ ಹೇಳಲು ಮಕ್ಕಳಿಲ್ಲ. ಹಾಗಾಗಿ ಕತೆ ನನ್ನ ಪಾಲಿಗೆ ಬಂತು.

ನಾನು ಸ್ಟೂಲಿನ ಮೇಲೆ ಕೂತು ಕೇಳುತ್ತಿದ್ದೆ. ಪಕ್ಕದ ಹಾಸಿಗೆಯಲ್ಲಿ ಗುಬ್ಬಿಯಿಂದ ಬರುತ್ತಿದ್ದ ಒಬ್ಬ ಅಜ್ಜಿ. ಮಗ ಬಿಟ್ಟು ಹೋಗಿ ಹನ್ನೊಂದಕ್ಕೆ ಬರುತ್ತಿದ್ದ. ಅಜ್ಜಿ ಮೊದಲೆರಡು ವಾರ ಕಣ್ಣು ಮುಚ್ಚಿಕೊಂಡೇ ಇದ್ದರು, ಮೂರನೇ ವಾರ ಕಣ್ಣು ಮುಚ್ಚಿಕೊಂಡೇ ಕೇಳಿದರು, ‘ಆ ಹರಿಗೋಲ್‌ನೋಳು ಏನಾರಾ ಉಂಡ್ಲೇನವ್ವ? ಮೂರ್ ದಿನದಿಂದ ಬರೀ ನೀರ್ ಮೇಲವ್ಳೆ.’ ನನ್ನ ಹೆಂಡತಿ ಒಂದು ಕ್ಷಣ ಯೋಚಿಸಿ ಕತೆಯೊಳಗೆ ಅವಳಿಗೆ ಮುದ್ದೆ ಸೊಪ್ಪಿನ ಸಾರು ಹಾಕಿಸಿದಳು. ಉಪ್ಪು, ನೀರು ಎರಡೂ ಅಳತೆಯ ಮೇಲೆ ಸಿಗುವ ಆ ಇಬ್ಬರೂ ಆ ಊಟವನ್ನು ಬಹಳ ಹೊತ್ತು ಮಾತಾಡಿಕೊಂಡರು.

ಕೇಳಿ ಕೇಳಿ ನನಗೆ ಆ ಲೋಕಗಳು ಬಾಯಿಪಾಠವಾದವು. ಅವಳ ಹುಟ್ಟುಹಬ್ಬಕ್ಕೆ ಏನಾದರೂ ಕೊಡಬೇಕು ಅನ್ನಿಸಿತು. ಹದಿನೈದು ದಿನ ಕೂತು ಅವಳ ಕತೆಯ ಪೂರ್ತಿ ನಕ್ಷೆ ಬರೆದೆ. ಯಾವ ಲೋಕದಿಂದ ಯಾವ ಲೋಕಕ್ಕೆ ಎಷ್ಟು ಹರಿದಾರಿ, ಯಾವ ಕೆರೆ ಯಾವ ಕೋಡಿ, ಎಲ್ಲ ಸ್ಕೇಲಿಗೆ ಸರಿಯಾಗಿ. ಬಣ್ಣ ಹಾಕಿದೆ. ಮೇಲಿನ ಮೂಲೆಯಲ್ಲಿ ಉತ್ತರದ ಬಾಣವನ್ನೂ ಹಾಕಿದೆ. ಅವಳು ಮಂಚದ ಮೇಲೆ ಹರಡಿಕೊಂಡು ಬಹಳ ಹೊತ್ತು ನೋಡಿದಳು. ಚೆನ್ನಾಗಿದೆ ರೀ, ಕಷ್ಟಪಟ್ಟಿದ್ದೀರ ಎಂದಳು. ಸ್ಕೂಲಿಗೆ ಕಳಿಸೋಣವಾ ಎಂದು ಕೇಳಿದೆ. ಬೇಡ ಎಂದು ಮಡಚಿ ಬೀರುವಿನಲ್ಲಿ ಇಟ್ಟಳು. ನನಗೆ ಬೇಜಾರಾಯಿತು. ಯಾಕೆ ಬೇಡ ಎಂದು ಅವಳೂ ಹೇಳಲಿಲ್ಲ, ನಾನೂ ಯೋಚಿಸಲಿಲ್ಲ. ನಕ್ಷೆ ಬರೆದು ಕೊಟ್ಟವನಿಗೆ ಶಭಾಸ್‌ಗಿರಿ ಸಿಗಲಿಲ್ಲ ಅನ್ನುವುದಷ್ಟೇ ನನ್ನ ತಲೆಯಲ್ಲಿತ್ತು.

ಡಯಾಲಿಸಿಸ್ ಶುರುವಾದ ಮೂರನೇ ವರ್ಷ ಸೂಜಿ ಚುಚ್ಚುವ ಅವಳ ಕೈಯ ನರಗಳು ಒಂದೊಂದಾಗಿ ಸೋತವು. ಹೃದಯವೂ ದಣಿದಿದೆ ಎಂದರು. ಡಾಕ್ಟರು ಒಳ್ಳೆಯವರು, ನೋಡೋಣ, ನೋಡೋಣ ಎನ್ನುತ್ತಿದ್ದರು. ನನಗೆ ನೋಡೋಣ ಎನ್ನುವ ಮಾತೇ ಆಗುವುದಿಲ್ಲ. ನನ್ನ ಕಸುಬಿನಲ್ಲಿ ಎರಡು ಕಡೆಯವರು ಮಚ್ಚು ಹಿಡಿದು ನಿಂತಿದ್ದರೂ ಅಳತೆ ಹೇಳಿಯೇ ಎದ್ದು ಬರಬೇಕು. ಹೇಳದೆ ಬಂದರೆ ಜಗಳ ಹತ್ತು ವರ್ಷ ಎಳೆಯುತ್ತದೆ. ಒಂದು ದಿನ ಡಾಕ್ಟರ ರೂಮಿಗೆ ಹೋಗಿ ಬಾಗಿಲು ಹಾಕಿಕೊಂಡೆ. ಎಷ್ಟು ದಿನ ಹೇಳಿ ಸಾರ್ ಎಂದೆ. ಹಾಗೆಲ್ಲ ಹೇಳಲಾಗುವುದಿಲ್ಲ ಎಂದರು. ಮತ್ತೆ ಕೇಳಿದೆ. ಮೂರನೇ ಸಲ ಕೇಳಿದಾಗ ಅವರಿಗೂ ಸಾಕಾಯಿತೇನೋ, ಆರು ತಿಂಗಳು ಇರಬಹುದು ಎಂದರು.

ಮಾರನೇ ದಿನ ಡಯಾಲಿಸಿಸ್ ಇರಲಿಲ್ಲ. ಅವಳು ಅಡುಗೆಮನೆಯ ಬಾಗಿಲಲ್ಲಿ ಕೂತು ಉಪ್ಪಿಲ್ಲದ ಉಪ್ಪಿಟ್ಟು ತಿನ್ನುತ್ತಿದ್ದಳು. ನಾನು ಕಡ್ಡಿ ಮುರಿದ ಹಾಗೆ ಹೇಳಿಬಿಟ್ಟೆ. ಮುಚ್ಚಿಡುವುದು ಅವಳಿಗೆ ಮಾಡುವ ಅವಮಾನ ಎಂದು ನಿಜವಾಗಿಯೂ ನಂಬಿದ್ದೆ. ಇವತ್ತಿಗೂ ಆ ನಂಬಿಕೆ ಪೂರ್ತಿ ಹೋಗಿಲ್ಲ, ಅದೇ ನನಗೆ ಹಿಂಸೆ.

ಅವಳು ತಟ್ಟೆ ಕೆಳಗಿಟ್ಟಳು. ‘ಡಾಕ್ಟ್ರು ತಾವಾಗೇ ಹೇಳಿದ್ರಾ, ನೀವು ಕೇಳಿದ್ರಾ?’

‘ನಾನೇ ಕೇಳ್ದೆ.’

‘ನಾನು ಕೇಳಿರ್ಲಿಲ್ವಲ್ಲ ರೀ,’ ಎಂದಳು.

ಅಷ್ಟು ಹೊತ್ತಿಗೆ ನನ್ನ ಫೋನು ಬಡಿದುಕೊಂಡಿತು. ಗುಬ್ಬಿ ಹತ್ತಿರ ಎಲ್ಲೆ ಅಳೆದು ಗುರುತಿಸುವ ಹದ್ದುಬಸ್ತು ಕೆಲಸವಿತ್ತು, ಜಮೀನಿನ ಅಕ್ಕಪಕ್ಕದವರೆಲ್ಲ ಬಂದು ಕಾಯುತ್ತಿದ್ದರು. ಹೋಗಲಾ ಬೇಡವಾ ಎಂದು ಅವಳ ಮುಖ ನೋಡಿದೆ. ಹೊರಡಿ, ಪಾಪ ಕಾಯ್ತಾ ಇರ್ತಾರೆ ಎಂದಳು. ನಾನು ಹೊರಟೆ. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎಂದು ಸಾವಿರ ಸಲ ಬೇರೆಯವರಿಗೆ ಹೇಳಿದ್ದೇನೆ. ಆ ದಿನ ಅದು ನನ್ನ ನೆನಪಿಗೇ ಬರಲಿಲ್ಲ.

ಅಲ್ಲಿಂದ ಮುಂದೆ ಅವಳು ನನಗೆ ಕತೆ ಹೇಳಲಿಲ್ಲ. ಮುಂದಿನ ಡಯಾಲಿಸಿಸ್ ದಿನ, ಹರಿಗೋಲು ಎಲ್ಲಿಗೆ ಬಂತು ಎಂದು ಕೇಳಿದೆ. ಮರೆತುಹೋಗಿದೆ ಎಂದಳು. ಆಮೇಲೂ ಕೇಳಿದೆ, ಆಗಲೂ ಮರೆತುಹೋಗಿದೆ. ಸಿಟ್ಟಿರಬೇಕು ಅಂದುಕೊಂಡೆ, ನಿಶ್ಶಕ್ತಿ ಇರಬೇಕು ಎಂದೂ ಅಂದುಕೊಂಡೆ. ಉಳಿದ ಮಾತೆಲ್ಲ ಆಡುತ್ತಿದ್ದಳು. ಹಾಲಿನವನು ನೀರು ಬೆರೆಸುತ್ತಾನೆ, ನಿಮ್ಮ ಶರ್ಟಿನ ಗುಂಡಿ ಹೋಗಿದೆ, ಎಲ್ಲ ಹೇಳುತ್ತಿದ್ದಳು. ಕತೆ ಮಾತ್ರ ಇಲ್ಲ.

ನಾನು ಆಗ ಮಾಡಿದ ಕೆಲಸವನ್ನು ಯಾರಿಗೂ ಹೇಳಿಲ್ಲ. ಈಗ ಬರೆಯುತ್ತೇನೆ. ಆರು ತಿಂಗಳನ್ನು ನಾನು ಒಂದು ಜಮೀನಿನ ಹಾಗೆ ಭಾಗ ಮಾಡಿದೆ. ಮೊದಲ ನಾಲ್ಕು ತಿಂಗಳು ಕೈಯಲ್ಲಿರುವ ಕೆಲಸವೆಲ್ಲ ಮುಗಿಸಿಬಿಡುವುದು. ಹೊಸದು ಯಾವುದೂ ಒಪ್ಪಿಕೊಳ್ಳಬಾರದು. ಕೊನೇ ಎರಡು ತಿಂಗಳು ಮನೆ ಬಿಟ್ಟು ಎಲ್ಲೂ ಹೋಗದೆ ಅವಳ ಪಕ್ಕ ಕೂತುಬಿಡುವುದು. ದೇವರಾಯನದುರ್ಗಕ್ಕೆ ಕರೆದುಕೊಂಡು ಹೋಗುವುದು, ಮೆಟ್ಟಿಲು ಹತ್ತಲು ಆಗದಿದ್ದರೆ ಕೆಳಗೇ ಕೂತು ಮಂಗಗಳಿಗೆ ಕಡಲೆಪುರಿ ಹಾಕಿ ಬರುವುದು. ಡೈರಿಯಲ್ಲಿ ಆ ಎರಡು ತಿಂಗಳ ಪುಟಗಳನ್ನು ಖಾಲಿ ಬಿಟ್ಟೆ. ಇದು ನನ್ನ ಪ್ರೀತಿಯೇ. ಬೇರೆ ತರಹದ ಪ್ರೀತಿ ನನಗೆ ಬರುತ್ತಿರಲಿಲ್ಲ. ಅವಳಿಗೂ ಇದನ್ನು ಹೇಳಿರಲಿಲ್ಲ, ಆ ತಿಂಗಳುಗಳು ಬಂದಾಗ ಹೇಳಿ ಖುಷಿಪಡಿಸೋಣ ಎಂದುಕೊಂಡಿದ್ದೆ.

ಹಾಗಾಗಿ ಆ ನಾಲ್ಕು ತಿಂಗಳು ನನಗೆ ಪುರುಸೊತ್ತೇ ಇರಲಿಲ್ಲ. ಏಳಕ್ಕೆ ಅವಳನ್ನು ಆಸ್ಪತ್ರೆಗೆ ಬಿಟ್ಟು, ಕತೆ ಎಲ್ಲಿಗೆ ಬಂತು ಎಂದು ಒಂದು ಮಾತು ಕೇಳಿ, ಹೊಲಕ್ಕೆ ಹೋಗುತ್ತಿದ್ದೆ. ಹನ್ನೊಂದಕ್ಕೆ ಕರೆದುಕೊಂಡು ಬಂದು ಮನೆಯಲ್ಲಿ ಮಲಗಿಸಿ ಮತ್ತೆ ಹೋಗುತ್ತಿದ್ದೆ. ಅಷ್ಟು ವೇಗವಾಗಿ ನಾನು ಯಾವತ್ತೂ ಕೆಲಸ ಮಾಡಿರಲಿಲ್ಲ. ಮೂರನೇ ತಿಂಗಳು ಮುಗಿಯುವಾಗ ಏಳೇ ಏಳು ಕೆಲಸ ಉಳಿದಿದ್ದವು.

ನಾಲ್ಕನೇ ತಿಂಗಳ ಮೊದಲ ವಾರ, ಗುಬ್ಬಿ ತಾಲ್ಲೂಕಿನ ಒಂದು ತೆಂಗಿನ ತೋಟ. ಅಣ್ಣ ತಮ್ಮ ಇಬ್ಬರ ನಡುವೆ ಒಂದೂವರೆ ಅಡಿಯ ತಕರಾರು. ಗುಂಡಿ ತೆಗೆದು ಕಲ್ಲು ಇಳಿಸುವಾಗ ಫೋನು ಬಂತು. ಅಳತೆ ತಪ್ಪುತ್ತದೆ ಎಂದು ಕಟ್ ಮಾಡಿದೆ. ಮತ್ತೆ ಬಂತು, ಮತ್ತೆ ಕಟ್ ಮಾಡಿದೆ. ಕಲ್ಲು ನಿಂತು, ಅಣ್ಣ ತಮ್ಮ ಇಬ್ಬರೂ ಕರ್ಪೂರ ಹಚ್ಚಿ ಕೈಮುಗಿದ ಮೇಲೆ ನೋಡಿದರೆ ಆಸ್ಪತ್ರೆಯ ನಂಬರು. ತಿರುಗಿ ಮಾಡಿದರೆ, ಬಿ.ಪಿ. ಬಿದ್ದುಹೋಗಿದೆ, ಬೇಗ ಬನ್ನಿ ಎಂದರು. ನಾನು ಹೋಗುವಷ್ಟರಲ್ಲಿ ಸೂಜಿಗಳನ್ನು ತೆಗೆದು ಕೈಗೆ ಹತ್ತಿ ಅಂಟಿಸಿದ್ದರು. ಅವಳ ಕಣ್ಣುಗಳನ್ನೂ ಅವರೇ ಮುಚ್ಚಿದ್ದರು. ಅಜ್ಜಿಯ ಹಾಸಿಗೆಗೆ ಅಡ್ಡ ಪರದೆ ಎಳೆದಿದ್ದರು.

ಲೆಕ್ಕದ ಪ್ರಕಾರ ಇನ್ನೂ ಎರಡು ತಿಂಗಳ ಮೇಲಿತ್ತು. ನಾನು ಡಾಕ್ಟರ ಮುಂದೆ ನಿಂತು ಅದನ್ನೇ ಹೇಳಿದೆ. ನೀವು ಆರು ಅಂದಿದ್ದಿರಿ, ಈಗ ನಾಲ್ಕೂ ತುಂಬಿಲ್ಲ ಎಂದು ಕೂಗಾಡಿದೆ. ಹೆಂಡತಿಯ ಹೆಣದ ಪಕ್ಕ ನಿಂತು ಅಳತೆಗೆ ಜಗಳ ತೆಗೆದ ಗಂಡಸು ನಾನೊಬ್ಬನೇ ಇರಬೇಕು. ಅವರು ನನ್ನ ಭುಜದ ಮೇಲೆ ಕೈಯಿಟ್ಟು, ಆಮೇಲೆ ಹೋದರು.

ತಿಥಿ ಮುಗಿದ ಮೇಲೆ ಸ್ಕೂಲಿನ ಹೆಡ್‌ಮಿಸ್ಸು ಫೋನು ಮಾಡಿದರು. ಸಮಾಧಾನ ಹೇಳಿ, ಆಮೇಲೆ ಸಂಕೋಚದಿಂದಲೇ, ಮಕ್ಕಳು ಒಂದು ವಿಷಯ ಕೇಳುತ್ತಿದ್ದಾರೆ ಎಂದರು. ಹರಿಗೋಲಿನವಳಿಗೆ ಕೊನೆಗೆ ಊರು ಸಿಕ್ಕಿತಾ ಎಂದು. ನನಗೆ ಗೊತ್ತಿಲ್ಲ ಮೇಡಂ ಎಂದು ಫೋನಿಟ್ಟೆ. ಆ ರಾಶಿ ಲೋಕಗಳ ನಕ್ಷೆ ಬರೆದವನಿಗೆ ಅದೊಂದು ಗೊತ್ತಿರಲಿಲ್ಲ. ಮಕ್ಕಳಿಗಾಗಿ ಅಂತ ನಾನು ಅಂದುಕೊಂಡರೂ, ತಿಳಿದುಕೊಳ್ಳಬೇಕೆಂಬ ಹಸಿವು ನನ್ನದೇ ಆಗಿತ್ತು. ಅದು ಗೊತ್ತಾದರೆ ಅವಳು ನನ್ನನ್ನು ಕ್ಷಮಿಸಿದ್ದಳೋ ಇಲ್ಲವೋ ಗೊತ್ತಾಗುತ್ತದೆ ಎಂದು ಯಾಕೋ ಅನ್ನಿಸಿಬಿಟ್ಟಿತ್ತು.

ಅವಳ ಫೈಲು, ಸ್ಕ್ಯಾನು ತರಲು ಆಸ್ಪತ್ರೆಗೆ ಹೋದಾಗ ಡಯಾಲಿಸಿಸ್ ರೂಮಿನ ಸಿಸ್ಟರು ಕಣ್ಣಲ್ಲಿ ನೀರು ತಂದುಕೊಂಡರು. ನಿಮ್ಮ ಮನೆಯವರ ಕತೆ ಇಲ್ಲದೆ ರೂಮು ಭಣಭಣ ಅನ್ನುತ್ತದೆ ಸಾರ್ ಎಂದರು. ಯಾವ ಕತೆ ಎಂದೆ. ಅದೇ, ಹರಿಗೋಲಿನದು, ಗುಬ್ಬಿ ಅಜ್ಜಿಗೆ ದಿನಾ ಹೇಳುತ್ತಿದ್ದರಲ್ಲ, ನೀವು ಆ ಕಡೆ ಹೋದ ತಕ್ಷಣ ಶುರು ಮಾಡುತ್ತಿದ್ದರು ಎಂದರು.

ಅವರಿಂದಲೇ ಅಜ್ಜಿಯ ವಿಳಾಸ ಪಡೆದು, ಎರಡು ದಿನ ಬಿಟ್ಟು ಗುಬ್ಬಿಗೆ ಹೋದೆ. ಸ್ಟೇಷನ್ನಿನ ಹಿಂದಿನ ಬೀದಿ, ಅಂಗಳದ ತುಂಬ ಕೊಬ್ಬರಿ ಹರಡಿದ್ದರು. ಅಜ್ಜಿ ಜಗುಲಿಯ ಮೇಲೆ ಗೋಡೆಗೆ ಒರಗಿಕೊಂಡಿದ್ದರು, ಮುಖ ಊದಿತ್ತು. ನನ್ನನ್ನು ನೋಡಿ ಕೂರಲು ಚಾಪೆ ತೋರಿಸಿ, ಸೊಸೆಗೆ ಕಾಫಿ ಇಡಲು ಹೇಳಿದರು. ಸ್ವಲ್ಪ ಹೊತ್ತು ಇಬ್ಬರೂ ಕೊಬ್ಬರಿಗೆ ಬರುವ ಕಾಗೆ ಓಡಿಸುತ್ತಾ ಕೂತೆವು. ಆಮೇಲೆ ಕೇಳಿದೆ.

‘ಎಲ್ಲಾ ಹೇಳವ್ರೆ ಕಣಪ್ಪ ಟೀಚರಮ್ಮ,’ ಎಂದರು ಅಜ್ಜಿ. ‘ಮೊದ್ಲಿಂದ ಕೊನೇ ಗಂಟ. ಅವ್ರು ಹೋಗೋ ಹಿಂದಿನ್ ಸರ್ತಿನೇ ಮುಗಿಸಿದ್ರು.’

‘ಊರು ಸಿಕ್ತಾ ಅಜ್ಜಿ ಅವಳಿಗೆ?’

ಅಜ್ಜಿ ಸೆರಗಿನಿಂದ ಬಾಯಿ ಒರೆಸಿಕೊಂಡರು. ‘ನಿಂಗೆ ಹೇಳ್ಬೇಡಿ ಅಂದವ್ರೆ.’

ಅಷ್ಟೊಂದು ಸಿಟ್ಟಿತ್ತೇ ನನ್ನ ಮೇಲೆ ಎಂದು ಕೇಳಿದೆ. ಅಜ್ಜಿ ತಲೆಯಾಡಿಸಿದರು.

‘ಸಿಟ್ಟಲ್ಲ ಬುಡಪ್ಪ. ಕೊನೆ ಗೊತ್ತಾಗ್ಬುಟ್ರೆ ನಮ್ಮನೆಯವ್ರು ಎದ್ದು ಹೊಂಟೋಯ್ತಾರೆ ಕಣಜ್ಜಿ, ಗೊತ್ತಿಲ್ದಿದ್ರೆ ಕೇಳ್ಬೇಕು ಅಂತಾದ್ರೂ ಒಂದ್ ಗಳಿಗೆ ಕೂತಿರ್ತಾರೆ ಅನ್ನೋರು. ಇವತ್ತು ಕೂತ್ಕಂಡು ಕೇಳಿದ್ರೆ ಹೇಳ್ತೀನಿ ಅಂತ ದಿನಾ ಅನ್ನೋರು. ನೀನು ನಿಂತ್ಕಂಡೇ ಕೇಳ್ತಿದ್ದೆಯಲ್ಲಪ್ಪ.’

ಸೊಸೆ ಕಾಫಿ ತಂದಿಟ್ಟಳು. ಅದು ಆರಿತು. ಕೊನೆಯ ಎರಡು ತಿಂಗಳು ನಿನಗಾಗಿಯೇ ಎತ್ತಿಟ್ಟಿದ್ದೆ ಕಣೇ, ಅದಕ್ಕೇ ಓಡಾಡುತ್ತಿದ್ದೆ ಎಂದು ಅವಳಿಗೆ ಹೇಳಬೇಕಿತ್ತು. ಒಂದೇ ಒಂದು ಸಲ ಹೇಳಿದ್ದರೆ ಸಾಕಿತ್ತು. ಕತೆಯ ಕೊನೆ ಏನು ಎಂದು ನಾನು ಮತ್ತೆ ಕೇಳಲಿಲ್ಲ. ಬಿಸಿಲು ಇಳಿದು ಸೊಸೆ ಕೊಬ್ಬರಿ ಎತ್ತಿ ಮುಗಿಸಿದಳು, ಅಜ್ಜಿಯ ಮಗ ಕೆಲಸದಿಂದ ಬಂದು ಕಾಲು ತೊಳೆದುಕೊಂಡ. ಅಷ್ಟು ಹೊತ್ತೂ ನಾನು ಆ ಚಾಪೆಯ ಮೇಲಿಂದ ಏಳಲಿಲ್ಲ.